ಗಾಯವಾಗುವ ಮೊದಲೇ ಧನುರ್ವಾಯು ಲಸಿಕೆ: ಮಲೆನಾಡಿನ ವಯಸ್ಕರಿಗೊಂದು ಮಾರ್ಗದರ್ಶಿ

ಕಾಲಿಗೆ ಬಿದಿರಿನ ಮುಳ್ಳು ಹೊಕ್ಕರೆ, ಅಡಿಕೆ ಸುಲಿಯುವಾಗ ಮೆಟ್ಟುಗತ್ತಿಗೆ ಬೆರಳು ಸಿಕ್ಕಿದರೆ, ಹಂಚು ಇಳಿಸುವಾಗ ಮೊಳೆ ತುಳಿದರೆ ನಮ್ಮ ಕಡೆ ಎಲ್ಲರೂ ಹೇಳುವುದು ಒಂದೇ ಮಾತು: ‘ಹೋಗಿ ಒಂದು ಟಿಟಿ ಹಾಕಿಸಿಕೊಂಡು ಬಾ.’ ಮಾತು ಒಳ್ಳೆಯದೇ. ಆದರೆ ಅದರ ಹಿಂದೆ ಎರಡು ತಪ್ಪು ನಂಬಿಕೆಗಳು ಬೇರೂರಿವೆ. ಗಾಯವಾದ ದಿನ ಹಾಕಿಸಿಕೊಂಡ ಒಂದು ಚುಚ್ಚುಮದ್ದು ಸಾಕು ಎಂಬುದು ಒಂದು. ಅದರ ಶಕ್ತಿ ಆರು ತಿಂಗಳಿಗೆ ಮುಗಿದುಹೋಗುತ್ತದೆ ಎಂಬುದು ಇನ್ನೊಂದು. ಮೊದಲನೆಯದನ್ನು ನಂಬಿದವರು ರಕ್ಷಣೆಯೇ ಇಲ್ಲದೆ ಧೈರ್ಯವಾಗಿರುತ್ತಾರೆ. ಎರಡನೆಯದನ್ನು ನಂಬಿದವರು ಬೇಡದಿದ್ದರೂ ವರ್ಷಕ್ಕೆರಡು ಸಲ ತೋಳೊಡ್ಡುತ್ತಾರೆ.

ವಯಸ್ಕರಿಗೆ ಬೇಕಾಗಿರುವುದು ಮೂರು ಡೋಸ್‌ಗಳ ಬುನಾದಿ, ಆಮೇಲೆ ಹತ್ತು ವರ್ಷಕ್ಕೊಂದು ಬೂಸ್ಟರ್. ಬುನಾದಿ ಇಲ್ಲದವರಿಗೆ ಗಾಯವಾದ ಮೇಲೆ ಕೊಡುವ ಮೊದಲ ಡೋಸ್ ಆ ಗಾಯದ ಮಟ್ಟಿಗೆ ಹೆಚ್ಚೇನೂ ಕೆಲಸ ಮಾಡುವುದಿಲ್ಲ. ಮೊದಲ ಡೋಸ್‌ಗೆ ದೇಹ ಲಸಿಕೆಯ ಗುರುತು ಹಿಡಿಯುತ್ತದೆ, ಅಷ್ಟೇ. ರೋಗವನ್ನು ಎದುರಿಸಲು ದೇಹ ತಯಾರಿಸುವ ಪ್ರತಿಕಾಯಗಳು ಕಾಪಾಡುವ ಮಟ್ಟಕ್ಕೆ ಹುಟ್ಟುವುದು ಎರಡನೆಯ ಡೋಸ್ ಆಗಿ ಕೆಲವು ವಾರ ಕಳೆದ ನಂತರ. ಹಾಗಾಗಿ ಈ ಕೆಲಸವನ್ನು ಗಾಯಕ್ಕೆ ಮೊದಲೇ, ಬಿಡುವಿನ ಕಾಲದಲ್ಲಿ ಮಾಡಿ ಮುಗಿಸಬೇಕು.

ಕಾಯಿಲೆ ಇರುವುದು ನೆಲದಲ್ಲಿ

ಧನುರ್ವಾಯು ತರುವ ಕ್ಲಾಸ್ಟ್ರಿಡಿಯಂ ಟೆಟನಿ ಎಂಬ ಬ್ಯಾಕ್ಟೀರಿಯಾ ಬೀಜಾಣುಗಳ ರೂಪದಲ್ಲಿ ಮಣ್ಣಿನಲ್ಲಿ ವರ್ಷಗಟ್ಟಲೆ ಉಳಿಯುತ್ತದೆ. ದನ, ಕುದುರೆ ಮುಂತಾದ ಪ್ರಾಣಿಗಳ ಕರುಳಿನಲ್ಲೂ ಸೆಗಣಿಯಲ್ಲೂ ಇರುತ್ತದೆ. ಕುದಿಯುವ ನೀರಿನಲ್ಲಿ ಕೆಲವು ನಿಮಿಷ ಇಟ್ಟರೂ ಈ ಬೀಜಾಣುಗಳು ಸಾಯುತ್ತವೆಂಬ ಭರವಸೆ ಇಲ್ಲ. ಮಲೆನಾಡಿನ ಬೇಸಾಯವನ್ನು ನೆನೆಸಿಕೊಳ್ಳಿ. ಕೊಟ್ಟಿಗೆಗೆ ಸೊಪ್ಪು, ತರಗೆಲೆ ಹಾಸುತ್ತೇವೆ. ಸೆಗಣಿ, ಗಂಜಳದಲ್ಲಿ ಕಲೆತ ಅದನ್ನೇ ಗೊಬ್ಬರವಾಗಿ ತೋಟಕ್ಕೆ ಹೊರುತ್ತೇವೆ. ಅದೇ ತೋಟದಲ್ಲಿ ಬರಿಗಾಲಲ್ಲಿ ಓಡಾಡುತ್ತೇವೆ. ಕಾಯಿಲೆಯ ಬೀಜ ಎಲ್ಲೋ ದೂರದಿಂದ ಬರಬೇಕಾಗಿಲ್ಲ. ಗೊಬ್ಬರ ಬಿಟ್ಟು ಬೇಸಾಯ ಮಾಡಲು ಆಗುವುದಿಲ್ಲ, ಮಾಡಬೇಕಾಗಿಯೂ ಇಲ್ಲ. ನಮ್ಮ ಕೈಯಲ್ಲಿರುವುದು ಲಸಿಕೆ.

ತುಕ್ಕು ಹಿಡಿದ ಕಬ್ಬಿಣದಿಂದ ಮಾತ್ರ ಈ ಕಾಯಿಲೆ ಬರುತ್ತದೆ ಎಂದು ತಿಳಿದವರಿದ್ದಾರೆ. ತುಕ್ಕಿಗೆ ತನ್ನಷ್ಟಕ್ಕೆ ಆ ಗುಣವಿಲ್ಲ. ಬೀಜಾಣು ಚಿಗುರುವುದು ಗಾಳಿಯಾಡದ ಕಡೆ. ಮೊಳೆಯಾಗಲಿ ಮುಳ್ಳಾಗಲಿ ಮಣ್ಣನ್ನು ಆಳಕ್ಕೆ ಒಯ್ದು, ಮೇಲೆ ಚರ್ಮ ಮುಚ್ಚಿಕೊಂಡರೆ ಅದಕ್ಕೆ ಬೇಕಾದ ಜಾಗ ಸಿಕ್ಕಂತೆ. ಅಗಲವಾಗಿ ಸೀಳಿ ರಕ್ತ ಹರಿದ ಗಾಯಕ್ಕೆ ಹೆದರಿ ಆಸ್ಪತ್ರೆಗೆ ಓಡುತ್ತೇವೆ. ರಕ್ತವೇ ಬಾರದ ಮುಳ್ಳಿನ ಚುಚ್ಚನ್ನು ಮರೆತುಬಿಡುತ್ತೇವೆ. ಧನುರ್ವಾಯುವಿಗೆ ಸಂಬಂಧಿಸಿದಂತೆ ಎರಡನೆಯದನ್ನು ಕಡೆಗಣಿಸಬಾರದು.

ಇನ್ನೊಂದು ವಿಷಯವನ್ನು ಮನೆಮಂದಿಗೆಲ್ಲ ಹೇಳಿ. ಇದು ಒಬ್ಬರಿಂದ ಒಬ್ಬರಿಗೆ ಹರಡುವ ರೋಗವಲ್ಲ. ಆದ್ದರಿಂದ ಊರಿನವರೆಲ್ಲ ಲಸಿಕೆ ಹಾಕಿಸಿಕೊಂಡಿದ್ದರೂ ಅದರ ನೆರಳಿನಲ್ಲಿ ನೀವು ಬಚಾವಾಗುವುದಿಲ್ಲ. ಒಮ್ಮೆ ಧನುರ್ವಾಯು ಬಂದು ಬದುಕಿ ಉಳಿದವರಿಗೂ ಅದರಿಂದ ರೋಗನಿರೋಧಕ ಶಕ್ತಿ ಹುಟ್ಟುವುದಿಲ್ಲ. ಅವರೂ ಲಸಿಕೆಯನ್ನು ಪೂರ್ತಿ ಹಾಕಿಸಿಕೊಳ್ಳಬೇಕು.

ಮೊದಲ ಹೆಜ್ಜೆ: ಹಳೆಯ ಲೆಕ್ಕ ಹುಡುಕಿ

ಇದುವರೆಗೆ ಎಷ್ಟು ಡೋಸ್ ಆಗಿದೆ, ಕೊನೆಯದು ಯಾವಾಗ ಎಂಬ ಎರಡು ಪ್ರಶ್ನೆಗಳಿಗೆ ಉತ್ತರ ಬೇಕು. ದೇಶದಲ್ಲಿ ಮಕ್ಕಳ ಲಸಿಕಾ ಕಾರ್ಯಕ್ರಮ ಆರಂಭವಾದದ್ದು 1978ರಲ್ಲಿ. ಸಾರ್ವತ್ರಿಕ ಲಸಿಕಾ ಕಾರ್ಯಕ್ರಮವಾಗಿ ಹಳ್ಳಿಹಳ್ಳಿಗೆ ವಿಸ್ತರಿಸಲು ತೊಡಗಿದ್ದು 1985ರಿಂದ. ಅದಕ್ಕೆ ಮೊದಲು ಹುಟ್ಟಿದವರಲ್ಲಿ ಬಹಳಷ್ಟು ಮಂದಿಗೆ ಎಳವೆಯ ಡೋಸ್‌ಗಳೇ ಆಗಿರಲಾರವು. ಈಗ ಐವತ್ತು ದಾಟಿರುವ, ಇವತ್ತಿಗೂ ತೋಟಕ್ಕಿಳಿದು ದುಡಿಯುವ ಗಂಡಸರು ಈ ಗುಂಪಿನವರು. ನನಗೆ ಹೆಚ್ಚು ಕಾಳಜಿ ಇರುವುದು ಇವರ ಬಗ್ಗೆ.

ಹೆಂಗಸರ ಸ್ಥಿತಿ ಸ್ವಲ್ಪ ಬೇರೆ. ಬಸಿರಿನ ಸಮಯದಲ್ಲಿ ಆರೋಗ್ಯ ಕೇಂದ್ರದಲ್ಲಿ ಎರಡು ಡೋಸ್ ಕೊಟ್ಟಿರುತ್ತಾರೆ. ಮೂರು ವರ್ಷದೊಳಗೆ ಮತ್ತೆ ಬಸಿರಾದರೆ ಒಂದು ಬೂಸ್ಟರ್. ಆ ದಿನಾಂಕಗಳು ತಾಯಿ ಕಾರ್ಡಿನಲ್ಲಿರುತ್ತವೆ. ಟ್ರಂಕಿನ ತಳದಲ್ಲೋ ದೇವರ ಕೋಣೆಯ ಗೂಡಿನಲ್ಲೋ ಸೇರಿಹೋಗಿರುವ ಕಾರ್ಡನ್ನು ಹುಡುಕಿ ತೆಗೆಯಿರಿ. ತಾಯಿ ಮತ್ತು ನವಜಾತ ಶಿಶುಗಳ ಧನುರ್ವಾಯು ನಿವಾರಣೆಯಾಗಿದೆ ಎಂದು ಭಾರತಕ್ಕೆ 2015ರಲ್ಲಿ ಮಾನ್ಯತೆ ಸಿಕ್ಕಿತು. ಬಸಿರಿಯರ ಲಸಿಕೆಗೂ ಆಸ್ಪತ್ರೆಯ ಹೆರಿಗೆಗೂ ಸಂದ ಗೆಲುವು ಅದು. ಮಣ್ಣಿನ ಬೀಜಾಣು ಮಾತ್ರ ಎಲ್ಲಿಗೂ ಹೋಗಿಲ್ಲ. ಗಂಡಸರಿಗೆ ಬಸಿರಿಯರಿಗಿರುವಂತಹ ಲಸಿಕೆಯ ಸಂದರ್ಭ ಬರುವುದೂ ಇಲ್ಲ.

ಇಪ್ಪತ್ತು ಮೂವತ್ತರ ಹರೆಯದವರು ಎಳವೆಯ ಕಾರ್ಡ್ ನೋಡಬೇಕು. ಕೂಸಾಗಿದ್ದಾಗ ಮೂರು ಡೋಸ್, ಒಂದೂವರೆ ವರ್ಷದ ಹೊತ್ತಿಗೆ ಒಂದು, ಶಾಲೆಗೆ ಸೇರುವಾಗ ಒಂದು, ಆಮೇಲೆ ಹತ್ತು ಮತ್ತು ಹದಿನಾರನೆಯ ವಯಸ್ಸಿನಲ್ಲಿ ಒಂದೊಂದು ಎಂಬುದು ಕ್ರಮ. ಇದೆಲ್ಲ ಆಗಿದ್ದರೆ ನಿಮ್ಮ ಬುನಾದಿ ಗಟ್ಟಿಯಾಗಿದೆ. ಹತ್ತು ವರ್ಷಕ್ಕೊಂದು ಬೂಸ್ಟರ್ ಸಾಕು. ಶಾಲೆ ಬಿಟ್ಟವರಿಗೆ ಹದಿನಾರರ ಡೋಸ್ ತಪ್ಪಿರುವ ಸಂಭವ ಹೆಚ್ಚು.

ಸೊರಬ, ಸಾಗರ, ತೀರ್ಥಹಳ್ಳಿ, ಹೊಸನಗರದ ಕಾಡಂಚಿನವರಿಗೆ ಒಂದು ಮಾತು. ಹಿಂದೆ ಮಂಗನ ಕಾಯಿಲೆಗೆಂದು ಹಾಕಿದ್ದ ಚುಚ್ಚುಮದ್ದನ್ನು ಈ ಲೆಕ್ಕಕ್ಕೆ ಸೇರಿಸಬೇಡಿ. ಅದು ಬೇರೆ ರೋಗದ್ದು, ಬೇರೆ ಲಸಿಕೆ. ಕೊರೊನಾ ಲಸಿಕೆಗೂ ಇದಕ್ಕೂ ಸಂಬಂಧವಿಲ್ಲ.

ಕಾರ್ಡೂ ಇಲ್ಲ, ನೆನಪೂ ಇಲ್ಲವೆಂದರೆ? ‘ಆಗಿದ್ದಿರಬಹುದು’ ಎಂದು ಸಮಾಧಾನ ಮಾಡಿಕೊಳ್ಳಬೇಡಿ. ಆಗಿಲ್ಲ ಎಂದೇ ಎಣಿಸಿ ಹೊಸದಾಗಿ ಆರಂಭಿಸಿ. ಗೊತ್ತಿಲ್ಲದೆ ಒಂದೆರಡು ಡೋಸ್ ಹೆಚ್ಚಾದರೆ ತೋಳು ಎರಡು ದಿನ ಜಾಸ್ತಿ ನೋಯಬಹುದು. ಕಡಿಮೆಯಾದರೆ ಪ್ರಾಣಕ್ಕೇ ಬರಬಹುದು.

ಎರಡನೆಯ ಹೆಜ್ಜೆ: ಬುನಾದಿ ಹಾಕುವ ಕಾಲ

ಮೊದಲ ಡೋಸ್ ಹಾಕಿಸಿಕೊಂಡು ಕನಿಷ್ಠ ನಾಲ್ಕು ವಾರ ಬಿಟ್ಟು ಎರಡನೆಯದು, ಅಲ್ಲಿಂದ ಆರರಿಂದ ಹನ್ನೆರಡು ತಿಂಗಳೊಳಗೆ ಮೂರನೆಯದು. ಮಲೆನಾಡಿನ ಕೃಷಿ ಪಂಚಾಂಗಕ್ಕೆ ಇದು ಚೆನ್ನಾಗಿ ಹೊಂದುತ್ತದೆ. ಯುಗಾದಿಯ ಹೊತ್ತಿಗೆ ಮೊದಲನೆಯದು, ನಾಲ್ಕು ವಾರ ಕಳೆದು ಎರಡನೆಯದು. ಮುಂಗಾರು ಹಿಡಿದು ಗದ್ದೆಗೆ, ಕಳೆ ಕೊಚ್ಚಲಿಕ್ಕೆ ಇಳಿಯುವ ಹೊತ್ತಿಗೆ ರಕ್ಷಣೆ ಹುಟ್ಟಿರುತ್ತದೆ. ದೀಪಾವಳಿ ಕಳೆದ ಮೇಲೆ ಮೂರನೆಯದು. ಎರಡನೆಯ ಡೋಸ್ ಆಗಿ ಆರು ತಿಂಗಳು ತುಂಬಿದೆಯೇ ಎಂಬುದನ್ನು ಮಾತ್ರ ದಿನಾಂಕ ನೋಡಿ ಖಚಿತಪಡಿಸಿಕೊಳ್ಳಿ.

ಯುಗಾದಿ ಕಳೆದುಹೋಗಿದೆ ಎಂದು ಮುಂದಿನ ವರ್ಷಕ್ಕೆ ಕಾಯುವುದು ಬೇಡ. ಯಾವ ತಿಂಗಳಲ್ಲಿ ಬೇಕಾದರೂ ಆರಂಭಿಸಬಹುದು.

ನಡುವೆ ಒಂದು ಡೋಸ್ ತಡವಾದರೆ ಮತ್ತೆ ಮೊದಲಿನಿಂದ ಶುರು ಮಾಡಬೇಕೇ ಎಂದು ಬಹಳ ಜನ ಕೇಳುತ್ತಾರೆ. ಬೇಕಾಗಿಲ್ಲ. ಮೊದಲ ಡೋಸ್ ಆಗಿ ವರ್ಷವೇ ಕಳೆದಿದ್ದರೂ ಎರಡನೆಯದನ್ನು ಈಗ ಹಾಕಿಸಿಕೊಂಡು ಮುಂದುವರಿಯಿರಿ. ಆಗಿರುವ ಡೋಸ್ ವ್ಯರ್ಥವಾಗುವುದಿಲ್ಲ. ಆದರೆ ಎರಡನೆಯದು ಆಗುವವರೆಗೆ ನೀವು ರಕ್ಷಣೆಯ ಹೊರಗೇ ಇದ್ದೀರಿ ಎಂಬುದು ನೆನಪಿರಲಿ.

ಮೂರನೆಯ ಹೆಜ್ಜೆ: ಎಲ್ಲಿ, ಏನೆಂದು ಕೇಳಬೇಕು

ಹತ್ತಿರದ ಪ್ರಾಥಮಿಕ ಆರೋಗ್ಯ ಕೇಂದ್ರವೇ ಮೊದಲ ಆಯ್ಕೆ. ತಾಲ್ಲೂಕು ಆಸ್ಪತ್ರೆಗಳಿವೆ, ಶಿವಮೊಗ್ಗದಲ್ಲಿ ಮೆಗ್ಗಾನ್ ಆಸ್ಪತ್ರೆ ಇದೆ. ಹೋಗುವ ಮುನ್ನ ನಿಮ್ಮೂರಿನ ಆಶಾ ಕಾರ್ಯಕರ್ತೆಯನ್ನು ಕೇಳಿ. ಲಸಿಕೆ ಇದೆಯೇ, ಯಾವ ದಿನ ಬಂದರೆ ಸಿಸ್ಟರ್ ಸಿಗುತ್ತಾರೆ ಎಂಬುದು ಅವರಿಗೆ ಗೊತ್ತಿರುತ್ತದೆ. ದಿನಕ್ಕೆರಡು ಬಸ್ ಬರುವ ಊರಿನಿಂದ ಹೊರಟು, ಬರಿಗೈಯಲ್ಲಿ ಹಿಂತಿರುಗಿದವರು ಮತ್ತೆ ಆ ಕಡೆ ತಲೆಹಾಕುವುದಿಲ್ಲ.

ಈಗ ಸರ್ಕಾರಿ ಕೇಂದ್ರಗಳಲ್ಲಿ ಕೊಡುವ ಲಸಿಕೆಯ ಹೆಸರು ಟಿಡಿ. 2019ರಿಂದ ರಾಷ್ಟ್ರೀಯ ಲಸಿಕಾ ಕಾರ್ಯಕ್ರಮದಲ್ಲಿ ಟಿಟಿಯ ಜಾಗಕ್ಕೆ ಇದು ಬಂದಿದೆ. ಧನುರ್ವಾಯುವಿನ ಜೊತೆಗೆ ಗಂಟಲಮಾರಿಯ, ಅಂದರೆ ಡಿಫ್ತೀರಿಯಾದ ರಕ್ಷಣೆಯೂ ಇದರಲ್ಲಿದೆ. ದೊಡ್ಡವರಿಗೆ ಇದೇ ಉತ್ತಮ. ಖಾಸಗಿ ಆಸ್ಪತ್ರೆಗಳಲ್ಲಿ ನಾಯಿಕೆಮ್ಮನ್ನೂ ತಡೆಯುವ ಟಿಡ್ಯಾಪ್ ಎಂಬ ಇನ್ನೊಂದು ಲಸಿಕೆ ಸಿಗುತ್ತದೆ. ಬಸಿರಿಯರು, ಎಳೆಕೂಸು ಇರುವ ಮನೆಯವರು ಅದರ ಬಗ್ಗೆ ವೈದ್ಯರನ್ನು ವಿಚಾರಿಸಬಹುದು.

ಗಾಯವಿಲ್ಲದೆ ಲಸಿಕೆ ಕೇಳಿಕೊಂಡು ಹೋದರೆ ‘ಏನಾಗಿದೆ?’ ಎಂಬ ಪ್ರಶ್ನೆ ಬಂದೇ ಬರುತ್ತದೆ. ಸಂಕೋಚಪಡಬೇಡಿ. ‘ಸಿಸ್ಟರ್, ಗಾಯವಾಗಿಲ್ಲ. ತೋಟದ ಕೆಲಸ ಮಾಡುತ್ತೇನೆ. ಹಿಂದೆ ಎಷ್ಟು ಡೋಸ್ ಆಗಿದೆಯೋ ಗೊತ್ತಿಲ್ಲ. ಮೂರು ಡೋಸ್ ಪೂರ್ತಿ ಮಾಡಿಕೊಳ್ಳಬೇಕು’ ಎಂದು ನೇರವಾಗಿ ಹೇಳಿ. ಲಸಿಕೆ ಇರುವುದು ಹತ್ತು ಡೋಸ್‌ಗಳ ಬಾಟಲಿಯಲ್ಲಿ. ನಿಯಮದಂತೆ ಇಟ್ಟರೆ, ತೆರೆದ ಬಾಟಲಿಯನ್ನು 28 ದಿನದವರೆಗೆ ಬಳಸಲು ಅವಕಾಶವಿದೆ. ಆದ್ದರಿಂದ ನಿಮ್ಮೊಬ್ಬರಿಗಾಗಿ ಬಾಟಲಿ ತೆರೆದರೆ ಉಳಿದ ಒಂಬತ್ತು ಡೋಸ್ ಹಾಳಾಯಿತು ಎಂದಾಗುವುದಿಲ್ಲ. ಆದರೂ ಅಕ್ಕಪಕ್ಕದ ನಾಲ್ಕೈದು ಮಂದಿ ಒಟ್ಟಿಗೆ ಹೋದರೆ ಸಿಸ್ಟರ್‌ಗೂ ಅನುಕೂಲ, ನಿಮಗೂ ಧೈರ್ಯ.

ಔಷಧಿ ಅಂಗಡಿಯಿಂದ ಕೊಂಡು ಎಲ್ಲಿಗೋ ಒಯ್ದು ಹಾಕಿಸಿಕೊಳ್ಳುವ ಅಭ್ಯಾಸ ನನಗೆ ಒಪ್ಪಿತವಲ್ಲ. ಈ ಲಸಿಕೆ 2ರಿಂದ 8 ಡಿಗ್ರಿ ಸೆಲ್ಸಿಯಸ್ ತಂಪಿನಲ್ಲೇ ಇರಬೇಕು. ಮಳೆಗಾಲದಲ್ಲಿ ಮರ ಬಿದ್ದು ಎರಡು ಮೂರು ದಿನ ಕರೆಂಟ್ ಇಲ್ಲದಿರುವುದು ನಮಗೆ ಹೊಸದಲ್ಲ. ಆರೋಗ್ಯ ಕೇಂದ್ರದಲ್ಲಿ ಅದಕ್ಕೆಂದೇ ಐಸ್‌ಲೈನ್ಡ್ ರೆಫ್ರಿಜರೇಟರ್, ತಾಪಮಾನ ಬರೆದಿಡುವ ಪುಸ್ತಕ ಇರುತ್ತವೆ. ಅಂಗಡಿಯಲ್ಲೇ ಕೊಳ್ಳಬೇಕಾಗಿ ಬಂದರೆ ಫ್ರಿಜ್‌ನಿಂದ ತೆಗೆದುಕೊಟ್ಟದ್ದನ್ನೇ ಪಡೆಯಿರಿ, ಅವಧಿ ಮುಗಿಯುವ ದಿನಾಂಕ ನೋಡಿ, ಅಂಗಿಯ ಜೇಬಿನಲ್ಲಿಟ್ಟುಕೊಂಡು ಊರೆಲ್ಲ ಸುತ್ತಬೇಡಿ. ಮಂಜುಗಡ್ಡೆಗೆ ತಾಗಿಸಿಯೂ ಒಯ್ಯಬೇಡಿ. ಒಮ್ಮೆ ಹೆಪ್ಪುಗಟ್ಟಿದ ಲಸಿಕೆ ಕೆಲಸಕ್ಕೆ ಬಾರದು.

ಚುಚ್ಚುಮದ್ದಿನ ದಿನ

ಹೊಟ್ಟೆಗೆ ಏನಾದರೂ ತಿಂದು ಹೋಗಿ. ಪ್ರಮಾಣ ಅರ್ಧ ಮಿಲಿಲೀಟರ್. ತೋಳಿನ ಮೇಲ್ಭಾಗದ ಮಾಂಸಖಂಡಕ್ಕೆ ಕೊಡುತ್ತಾರೆ. ಹೆಚ್ಚು ಕೆಲಸ ಮಾಡುವ ಕೈ ಬಿಟ್ಟು ಇನ್ನೊಂದಕ್ಕೆ ಹಾಕಿಸಿಕೊಳ್ಳಿ. ಆಮೇಲೆ ಅರ್ಧ ಗಂಟೆ ಅಲ್ಲೇ ಕುಳಿತಿರಿ. ಹಿಂದೆ ಇದೇ ಲಸಿಕೆಯಿಂದ ಉಸಿರು ಕಟ್ಟಿದ್ದರೆ, ಮೈಯೆಲ್ಲ ದದ್ದು ಎದ್ದಿದ್ದರೆ, ಅಥವಾ ಕೈಕಾಲು ಸ್ವಾಧೀನ ತಪ್ಪಿದ್ದರೆ ಸೂಜಿ ಹಿಡಿಯುವ ಮುನ್ನವೇ ಹೇಳಬೇಕು. ರಕ್ತ ತೆಳುವಾಗಿಸುವ ಮಾತ್ರೆ ತಿನ್ನುವವರೂ ಹೇಳಬೇಕು. ನೆಗಡಿ, ಸಣ್ಣ ಕೆಮ್ಮು ಅಡ್ಡಿಯಲ್ಲ. ಸಕ್ಕರೆ ಕಾಯಿಲೆ, ರಕ್ತದೊತ್ತಡ ಇದ್ದವರಿಗೂ ಕೊಡಬಹುದು. ಸಕ್ಕರೆ ಕಾಯಿಲೆಯವರಿಗಂತೂ ಇದು ಇನ್ನೂ ಮುಖ್ಯ. ಪಾದದ ಸ್ಪರ್ಶ ಕುಂದಿದವರಿಗೆ ಮುಳ್ಳು ಹೊಕ್ಕದ್ದೇ ತಿಳಿಯುವುದಿಲ್ಲ. ಮಾಯದ ಹುಣ್ಣು ಬೀಜಾಣುವಿಗೆ ಬಾಗಿಲು.

ಚುಚ್ಚಿದ ಜಾಗ ಒಂದೆರಡು ದಿನ ನೋಯುತ್ತದೆ, ಕೆಂಪಾಗಬಹುದು, ಸಣ್ಣ ಜ್ವರ ಬರಬಹುದು. ತಣ್ಣನೆಯ ಬಟ್ಟೆ ಇಡಿ. ಉಜ್ಜಬೇಡಿ, ಶಾಖ ಕೊಡಬೇಡಿ. ಅಗತ್ಯವಿದ್ದರೆ ಪ್ಯಾರಾಸಿಟಮಾಲ್. ತೀರಾ ಹತ್ತಿರ ಹತ್ತಿರ ಬೂಸ್ಟರ್ ಹಾಕಿಸಿಕೊಂಡವರಿಗೆ ಇಡೀ ತೋಳು ಊದಿಕೊಳ್ಳುವುದುಂಟು. ಬುನಾದಿ ಇದ್ದವರು ಪ್ರತಿ ಗೀರಿಗೂ ಟಿಟಿ ಕೇಳಬಾರದು ಎನ್ನುವುದಕ್ಕೆ ಅದೇ ಕಾರಣ.

ಹೊರಡುವ ಮುನ್ನ ದಿನಾಂಕ ಬರೆಸಿಕೊಳ್ಳಿ. ಚೀಟಿಯ ಫೋಟೋ ತೆಗೆದು ಮೊಬೈಲಿನಲ್ಲಿ ಇಡಿ, ಮಕ್ಕಳಿಗೂ ಕಳಿಸಿ.

ಗಾಯವಾದ ದಿನ ಏನು ಮಾಡಬೇಕು

ಮೊದಲು ತೊಳೆಯಿರಿ. ಹರಿಯುವ ನೀರು, ಸೋಪು. ಅವಸರ ಮಾಡದೆ ಮಣ್ಣೆಲ್ಲ ಹೋಗುವವರೆಗೆ ತೊಳೆಯಿರಿ. ರಕ್ತ ಜೋರಾಗಿ ಬರುತ್ತಿದ್ದರೆ ಮಾತ್ರ ಮೊದಲು ಶುಭ್ರ ಬಟ್ಟೆಯಿಂದ ಒತ್ತಿ ಹಿಡಿಯಿರಿ. ತೋಟದಲ್ಲಿ ಕತ್ತಿ ತಾಗಿದ ಕೂಡಲೇ ಕಮ್ಯುನಿಸ್ಟ್ ಗಿಡದ ಸೊಪ್ಪು ಅರೆದು ಹಿಂಡುವುದು ನಮ್ಮಲ್ಲಿ ರೂಢಿ. ಕಾಫಿಪುಡಿ, ಸುಣ್ಣ, ಬೂದಿ ಮೆತ್ತುವವರೂ ಇದ್ದಾರೆ. ರಕ್ತ ನಿಂತಂತೆ ಕಾಣಬಹುದು. ಆದರೆ ಮಣ್ಣಿನ ಕೈಯಲ್ಲಿ ಉಜ್ಜಿದ, ತೊಳೆಯದ ಸೊಪ್ಪು ಬೀಜಾಣುವನ್ನು ಒಳಗೇ ಕೂರಿಸಿ ಮೇಲೆ ಮುಚ್ಚಳ ಹಾಕಿದಂತಾಗುತ್ತದೆ. ಸೆಗಣಿ, ಸೆಗಣಿಯ ಬೂದಿಯನ್ನಂತೂ ಗಾಯದ ಹತ್ತಿರ ತರಲೇಬೇಡಿ. ಆಳಕ್ಕೆ ಮುರಿದ ಮುಳ್ಳನ್ನು ಪಿನ್ನಿನಿಂದ ಕೆದಕುತ್ತಾ ಕೂರದೆ ಆಸ್ಪತ್ರೆಯಲ್ಲಿ ತೆಗೆಸಿ.

ಆಮೇಲೆ ಲಸಿಕೆಯ ಲೆಕ್ಕ. ಮೂರು ಅಥವಾ ಹೆಚ್ಚು ಡೋಸ್ ಆದವರಿಗೆ ಸಣ್ಣ, ಶುಚಿಯಾದ ಗಾಯವಾಗಿದ್ದರೆ, ಕೊನೆಯ ಡೋಸ್ ಆಗಿ ಹತ್ತು ವರ್ಷ ಕಳೆದಿದ್ದರೆ ಮಾತ್ರ ಬೂಸ್ಟರ್ ಬೇಕು. ಗಾಯಕ್ಕೆ ಮಣ್ಣು, ಗೊಬ್ಬರ ತಾಗಿದ್ದರೆ, ಆಳವಾಗಿ ಚುಚ್ಚಿದ್ದರೆ, ಜಜ್ಜಿಹೋಗಿದ್ದರೆ ಅಥವಾ ಸುಟ್ಟಿದ್ದರೆ ಕೊನೆಯ ಡೋಸ್ ಆಗಿ ಐದು ವರ್ಷ ಕಳೆದಿದ್ದರೇ ಬೂಸ್ಟರ್ ಬೇಕಾಗುತ್ತದೆ, ಹತ್ತು ವರ್ಷ ಕಾಯಬಾರದು.

ಮೂರು ಡೋಸ್ ಆಗದವರಿಗೆ, ಅಥವಾ ಲೆಕ್ಕವೇ ಗೊತ್ತಿಲ್ಲದವರಿಗೆ, ಯಾವ ಗಾಯವಾದರೂ ಲಸಿಕೆ ಬೇಕು. ಗಾಯ ಕೊಳಕಾಗಿದ್ದರೆ ಲಸಿಕೆಯೊಂದೇ ಸಾಲದು. ಟೆಟನಸ್ ಇಮ್ಯುನೊಗ್ಲಾಬ್ಯುಲಿನ್ ಎಂಬ ಇನ್ನೊಂದು ಚುಚ್ಚುಮದ್ದು ಬೇಕು, ಸಾಮಾನ್ಯವಾಗಿ 250 ಯೂನಿಟ್, ಬೇರೆ ಜಾಗಕ್ಕೆ. ಲಸಿಕೆ ನಿಮ್ಮ ದೇಹಕ್ಕೆ ಪ್ರತಿಕಾಯ ತಯಾರಿಸಲು ಕಲಿಸುತ್ತದೆ, ಅದಕ್ಕೆ ವಾರಗಳು ಬೇಕು. ಇಮ್ಯುನೊಗ್ಲಾಬ್ಯುಲಿನ್ ಎಂದರೆ ತಯಾರಾಗಿರುವ ಪ್ರತಿಕಾಯ, ಕೂಡಲೇ ಕೆಲಸ ಮಾಡುತ್ತದೆ, ಕೆಲವು ವಾರಗಳಲ್ಲಿ ಕರಗಿಹೋಗುತ್ತದೆ. ಇದು ಎಲ್ಲ ಆರೋಗ್ಯ ಕೇಂದ್ರಗಳಲ್ಲೂ ಇರುತ್ತದೆಂದು ನಂಬಿ ಕೂರಬೇಡಿ. ‘ನನಗೆ ಮೊದಲು ಲಸಿಕೆ ಆಗಿಲ್ಲ, ಇಮ್ಯುನೊಗ್ಲಾಬ್ಯುಲಿನ್ ಬೇಕೇ?’ ಎಂದು ನೀವೇ ಬಾಯಿಬಿಟ್ಟು ಕೇಳಿ. ಇಲ್ಲವೆಂದರೆ ದೊಡ್ಡ ಆಸ್ಪತ್ರೆಗೆ ಅದೇ ದಿನ ಹೋಗಿ. ಈ ಓಡಾಟ ಬೇಡವೆನಿಸಿದರೆ ಯುಗಾದಿಯ ಡೋಸ್ ನೆನಪಿಸಿಕೊಳ್ಳಿ.

‘ಗಾಯವಾಗಿ 24 ಗಂಟೆ ಕಳೆಯಿತು, ಇನ್ನು ಪ್ರಯೋಜನವಿಲ್ಲ’ ಎಂಬ ಮಾತನ್ನು ಕೇಳಬೇಡಿ. ಬೇಗ ಹೋದಷ್ಟೂ ಒಳ್ಳೆಯದು ನಿಜ. ಆದರೆ ಕಾಯಿಲೆ ಕಾಣಿಸಿಕೊಳ್ಳಲು ಸಾಮಾನ್ಯವಾಗಿ ಮೂರರಿಂದ ಇಪ್ಪತ್ತೊಂದು ದಿನ ಹಿಡಿಯುತ್ತದೆ. ಮೂರು ದಿನ ತಡವಾಗಿದ್ದರೂ ಹೋಗಿ ಹಾಕಿಸಿಕೊಳ್ಳಿ.

ನಾಯಿ ಅಥವಾ ಮಂಗ ಕಚ್ಚಿದರೆ ಟಿಡಿ ಹಾಕಿಸಿಕೊಂಡು ಮನೆಗೆ ಬರುವುದು ಅಪಾಯ. ರೇಬೀಸ್ ಲಸಿಕೆ ಬೇರೆಯೇ ಇದೆ, ಅದರ ದಿನಗಳ ಲೆಕ್ಕವೂ ಬೇರೆ. ಹಾವು ಕಚ್ಚಿದಾಗ ಮೊದಲು ನೋಡಬೇಕಾದ್ದು ವಿಷ. ಮಂಡಲದ ಜಾತಿಯ ಹಾವಿನ ವಿಷ ರಕ್ತ ಹೆಪ್ಪುಗಟ್ಟುವುದನ್ನೇ ಕೆಡಿಸುವುದರಿಂದ, ಧನುರ್ವಾಯು ಚುಚ್ಚುಮದ್ದು ಯಾವಾಗ ಎಂಬುದನ್ನು ಆಸ್ಪತ್ರೆಯ ವೈದ್ಯರು ತೀರ್ಮಾನಿಸುತ್ತಾರೆ. ದಾರಿಯಲ್ಲಿ ಎಲ್ಲಿಯೂ ನಿಲ್ಲಿಸಿ ಚುಚ್ಚಿಸಿಕೊಳ್ಳಬೇಡಿ.

ಯಾವಾಗ ಆಂಬ್ಯುಲೆನ್ಸ್ ಕರೆಯಬೇಕು

ಬಾಯಿ ಪೂರ್ತಿ ತೆರೆಯಲಾಗದಿರುವುದು, ದವಡೆ ಬಿಗಿಯುವುದು, ನುಂಗಲು ಕಷ್ಟ, ಕತ್ತು ಮತ್ತು ಹೊಟ್ಟೆ ಮರದಂತೆ ಗಡುಸಾಗುವುದು, ಸಣ್ಣ ಸದ್ದಿಗೂ ಬೆಳಕಿಗೂ ಮೈ ಸೆಟೆದು ಬೆನ್ನು ಬಿಲ್ಲಿನಂತೆ ಬಾಗುವುದು. ರೋಗಿಗೆ ಎಚ್ಚರ ಇದ್ದೇ ಇರುತ್ತದೆ. ಪ್ರತಿ ಸೆಳೆತದ ನೋವೂ ತಿಳಿಯುತ್ತದೆ. ಗಾಯ ಮಾಸಿಹೋಗಿದ್ದರೂ ಇಂಥ ಲಕ್ಷಣ ಕಂಡರೆ 108ಕ್ಕೆ ಕರೆ ಮಾಡಿ, ತೀವ್ರ ನಿಗಾ ಘಟಕ ಇರುವ ಆಸ್ಪತ್ರೆಗೆ ಕರೆದೊಯ್ಯಿರಿ. ದೃಷ್ಟಿ ತೆಗೆಯುವುದು, ನಾಟಿ ಔಷಧಿ, ನಾಳೆ ನೋಡೋಣ ಎಂಬ ಮಾತು ಯಾವುದೂ ಬೇಡ. ಧನುರ್ವಾಯುವಿನ ಬ್ಯಾಕ್ಟೀರಿಯಾ ಉಂಟುಮಾಡುವ ವಿಷ ನರಗಳಿಗೆ ಅಂಟಿದ ಮೇಲೆ ಅದನ್ನು ಬಿಡಿಸುವ ಮದ್ದಿಲ್ಲ. ವಾರಗಟ್ಟಲೆ ಉಸಿರಾಟ ಕಾಯುತ್ತಾ, ವಿಷದ ಪ್ರಭಾವ ಇಳಿಯುವವರೆಗೆ ರೋಗಿಯನ್ನು ಉಳಿಸಿಕೊಳ್ಳಬೇಕು.

ಕೆಲಸಕ್ಕೆ ಬರುವವರ ಲೆಕ್ಕವೂ ನಿಮ್ಮದೇ

ತೋಟದ ಒಡೆಯರಿಗೆ ಹೇಳಬೇಕಾದ್ದು ಇದೆ. ಅಡಿಕೆ ಕೊನೆ ಕೊಯ್ಯುವವರು, ಕಳೆ ಯಂತ್ರ ಹಿಡಿಯುವವರು, ಗೊಬ್ಬರ ಹೊರುವವರು, ಚರಂಡಿ ತೋಡುವವರು ಇವರೆಲ್ಲ ನಿಮಗಿಂತ ಹೆಚ್ಚು ಮಣ್ಣು ಮುಟ್ಟುತ್ತಾರೆ. ಬಯಲುಸೀಮೆಯಿಂದ, ಬೇರೆ ರಾಜ್ಯಗಳಿಂದ ಬಂದವರಿಗೆ ಇಲ್ಲಿನ ಆಸ್ಪತ್ರೆಯ ದಾರಿಯೂ ಗೊತ್ತಿರುವುದಿಲ್ಲ. ಕೊಯ್ಲಿನ ಮುನ್ನ ಅವರ ಜೊತೆ ಕುಳಿತು ಯಾರಿಗೆ ಎಷ್ಟು ಡೋಸ್ ಆಗಿದೆ ಎಂದು ಕೇಳಿ ಬರೆದುಕೊಳ್ಳಿ. ಅರ್ಧ ದಿನದ ಕೂಲಿ ಕಡಿಯದೆ, ನಿಮ್ಮದೇ ಗಾಡಿಯಲ್ಲಿ ಆರೋಗ್ಯ ಕೇಂದ್ರಕ್ಕೆ ಕರೆದುಕೊಂಡು ಹೋಗಿ. ಬೂಟು, ಕೈಗವಸು ಕೊಡಿಸಿ. ಕೆಲಸ ಮುಗಿಸಿ ಊರಿಗೆ ಹೊರಟವರ ಕೈಗೆ ಡೋಸ್‌ನ ದಿನಾಂಕ ಬರೆದ ಚೀಟಿ ಕೊಡಿ. ಮುಂದಿನ ಡೋಸನ್ನು ಅವರು ಯಾವ ಜಿಲ್ಲೆಯಲ್ಲಿ, ಯಾವ ರಾಜ್ಯದಲ್ಲಿ ಹಾಕಿಸಿಕೊಂಡರೂ ಲೆಕ್ಕಕ್ಕೆ ಸೇರುತ್ತದೆ.